ಇದ್ದದ್ದು ಇದ್ದಂತೆ ಹೇಳಿದರೆ…

ಓದಿಗಾಗಿ: ಪ್ರೇಷಿತರ ಕಾರ್ಯಕಲಾಪಗಳು 4:32 – 5:11, ಎಫೆಸಿಯರಿಗೆ 4:15–25, ಮತ್ತಾಯ 5:33–37



ನಮ್ಮ ಆಡುಮಾತಿನಲ್ಲಿ ಎರಡು ಗಾದೆಗಳಿವೆ. ಒಂದು, ಇದ್ದದ್ದು ಇದ್ದ ಹಾಗೆ ಹೇಳಿದರೆ ಎದ್ದು ಬಂದು ಎದೆಗೆ ಒದ್ದರಂತೆ. ಇನ್ನೊಂದು, ಸಾವಿರ ಸುಳ್ಳು ಹೇಳಿ ಒಂದು ಮದುವೆ ಮಾಡು. ಮೊದಲನೆಯದು ಸತ್ಯ ಹೇಳಿದವನಿಗೆ ಸಿಗುವ ಶಿಕ್ಷೆಯನ್ನು ತಿಳಿಸುತ್ತದೆ. ಎರಡನೆಯದು ಸುಳ್ಳು ಹೇಳಿದವನಿಗೆ ಸಿಗುವ ಬಹುಮಾನವನ್ನು ತಿಳಿಸುತ್ತದೆ. ಎರಡನ್ನೂ ಜೋಡಿಸಿದರೆ ನಮ್ಮ ಸಮಾಜದ ಬರೆಯದ ಕಾನೂನು ಕೈಗೆ ಸಿಕ್ಕಂತೆಯೇ. ಪ್ರತಿ ಭಾನುವಾರ ಬಲಿಪೂಜೆಯಲ್ಲಿ ಪಾಲುಗೊಳ್ಳುವ ನಾವು ಸೋಮವಾರದಿಂದ ಶನಿವಾರದವರೆಗೆ ಯಾವ ಕಾನೂನಿನ ಪ್ರಕಾರ ಬದುಕುತ್ತಿದ್ದೇವೆ? ದೇವರ ಎಂಟನೆಯ ಆಜ್ಞೆಯ ಪ್ರಕಾರವೋ, ಈ ಎರಡು ಗಾದೆಗಳ ಪ್ರಕಾರವೋ?

ಈ ವಾರ ಈ ಪ್ರಶ್ನೆಯನ್ನು ಒಂದು ಹಾಸ್ಯದ ಕಥೆಯಿಂದ ಆರಂಭಿಸೋಣ.

ಸತ್ಯದ ಮೇಲೆ ಕಟ್ಟಿದ ಬಾಜಿ

ನೂರು ವರ್ಷಗಳಿಗೂ ಹಿಂದೆ ಅಮೆರಿಕದಲ್ಲಿ ಒಂದು ಕಥೆ ಬಹಳ ಜನಪ್ರಿಯವಾಗಿತ್ತು. 1914ರಲ್ಲಿ ಫ್ರೆಡರಿಕ್ ಐಶಮ್ ಎಂಬ ಲೇಖಕರು ಅದನ್ನು ಕಾದಂಬರಿಯಾಗಿ ಬರೆದರು. 1916ರಲ್ಲಿ ಜೇಮ್ಸ್ ಮಾಂಟ್ಗೊಮರಿ ಅದನ್ನು ನಾಟಕವಾಗಿಸಿದರು. 1920ರಲ್ಲಿ ಟೇಲರ್ ಹೋಮ್ಸ್ ಎಂಬ ನಟ ನಾಯಕನಾಗಿ ಅದು ಮೂಕಿ ಚಿತ್ರವಾಗಿ ತೆರೆಗೆ ಬಂತು. ಚಿತ್ರದ ಹೆಸರು ‘ನಥಿಂಗ್ ಬಟ್ ದ ಟ್ರೂತ್’, ಅಂದರೆ ಸತ್ಯವನ್ನಲ್ಲದೆ ಬೇರೇನನ್ನೂ ಅಲ್ಲ. ನ್ಯಾಯಾಲಯದಲ್ಲಿ ಸಾಕ್ಷಿಗಳು ಪ್ರಮಾಣ ಮಾಡುವಾಗ ಬಳಸುವ ಮಾತು ಅದು. ಟಾಕಿ ಚಿತ್ರಗಳು ಬಂದ ಮೇಲೆ 1929ರಲ್ಲಿ ಒಮ್ಮೆ, 1941ರಲ್ಲಿ ಮತ್ತೊಮ್ಮೆ ಅದೇ ಕಥೆ ಚಿತ್ರವಾಯಿತು.

ಕಥೆ ಸರಳವಾದದ್ದು. ಷೇರು ವ್ಯವಹಾರದ ಕಚೇರಿಯ ಬಾಬ್ ಎಂಬ ತರುಣ ತನ್ನ ಜೊತೆಗಾರರೊಂದಿಗೆ ಹತ್ತು ಸಾವಿರ ಡಾಲರಿನ ಬಾಜಿ ಕಟ್ಟುತ್ತಾನೆ. ಗೊತ್ತುಮಾಡಿದ ಗಡುವು ಮುಗಿಯುವವರೆಗೆ ಅವನು ಸತ್ಯವನ್ನಲ್ಲದೆ ಬೇರೇನನ್ನೂ ಹೇಳಕೂಡದು. ಆ ಕ್ಷಣದಿಂದ ಅವನ ಪಾಡು ನಾಯಿಪಾಡಾಗುತ್ತದೆ. ದಿನನಿತ್ಯ ನಾವು ಯೋಚನೆಯಿಲ್ಲದೆ ಉತ್ತರಿಸುವ ಸಣ್ಣ ಪುಟ್ಟ ಪ್ರಶ್ನೆಗಳೇ ಅವನಿಗೆ ಬೋನುಗಳಾಗುತ್ತವೆ. ಸ್ನೇಹ ಮುರಿಯುತ್ತದೆ, ವ್ಯವಹಾರ ಕೆಡುತ್ತದೆ, ಮದುವೆಯಾಗಬೇಕಾದ ಹುಡುಗಿಯ ಮನೆಯಲ್ಲೇ ರಂಪವಾಗುತ್ತದೆ. ಅವನು ಯಾರಿಗೂ ಮೋಸ ಮಾಡಿಲ್ಲ. ಕೇಳಿದ್ದಕ್ಕೆ ನಿಜವಾದ ಉತ್ತರ ಕೊಟ್ಟಿದ್ದಾನೆ, ಅಷ್ಟೇ. ನಮ್ಮ ಗಾದೆಯಲ್ಲಿ ಹೇಳಿದಂತೆ ಎಲ್ಲರೂ ಎದ್ದು ಬಂದು ಎದೆಗೆ ಒದೆಯುತ್ತಾರೆ.

ಮಾತೇ ಕೇಳಿಸದ ಚಿತ್ರದಲ್ಲಿ ಮಾತಿನ ಸತ್ಯವನ್ನು ತೋರಿಸಿದ್ದು ಒಂದು ವಿಶೇಷ. ಮೂಕಿ ಚಿತ್ರಗಳಲ್ಲಿ ಸಂಭಾಷಣೆ ಬರಹವಾಗಿ ತೆರೆಯ ಮೇಲೆ ಮೂಡಿ ಹೋಗುತ್ತಿತ್ತು. ಉಳಿದಂತೆ ಪ್ರೇಕ್ಷಕರು ನೋಡುತ್ತಿದ್ದುದು ಮುಖಗಳನ್ನು. ಸತ್ಯ ಕೇಳಿದವರ ಮುಖ ಹೇಗೆ ಬಿಳಿಚಿಕೊಳ್ಳುತ್ತದೆ, ಹೇಗೆ ಕೆರಳುತ್ತದೆ ಎಂಬುದನ್ನು. ಬಾಯಿ ಸುಳ್ಳು ಹೇಳಬಹುದು, ಆದರೆ ಮುಖಕ್ಕೆ ಅದು ಅಷ್ಟು ಸುಲಭವಲ್ಲ.

ಈ ಕಥೆಯನ್ನು ನೋಡಿ ನಕ್ಕವರು ಎರಡು ಸಂಗತಿಗಳನ್ನು ಗಮನಿಸಬೇಕು. ಮೊದಲನೆಯದು, ನಗು ಬಂದದ್ದು ಬಾಬ್‌ನಿಂದಲ್ಲ, ಅವನ ಸುತ್ತಲಿನ ಮುಖಸ್ತುತಿಯ ಜಗತ್ತಿನಿಂದ. ಒಬ್ಬನು ಸುಳ್ಳು ಹೇಳುವುದನ್ನು ನಿಲ್ಲಿಸಿದೊಡನೆ ಆ ಜಗತ್ತು ಕುಸಿಯುತ್ತದೆ ಎಂದರೆ ಅದರ ಬುನಾದಿ ಎಂಥದು? ಎರಡನೆಯದು, ಬಾಬ್ ಸತ್ಯವಂತನೇನೂ ಅಲ್ಲ. ಅವನು ಸತ್ಯ ಹೇಳಿದ್ದು ಬಾಜಿಯ ಹಣಕ್ಕಾಗಿ. ಗಡುವು ಮುಗಿದೊಡನೆ ಆ ಕರಾರೂ ಮುಗಿಯುತ್ತದೆ. ಗಡಿಯಾರ ನೋಡಿಕೊಂಡು ಹೇಳುವ ಸತ್ಯ ಸದ್ಗುಣವಾಗುವುದು ಹೇಗೆ?

ನಮ್ಮ ಹರಿಶ್ಚಂದ್ರ

ಭಾರತದ ಚಿತ್ರರಂಗ ಆರಂಭವಾದದ್ದೂ ಸತ್ಯದ ಬೆಲೆಯ ಕಥೆಯಿಂದಲೇ. 1913ರ ಮೇ 3ರಂದು ಮುಂಬಯಿಯ ಕಾರೊನೇಶನ್ ಚಿತ್ರಮಂದಿರದಲ್ಲಿ ದಾದಾಸಾಹೇಬ್ ಫಾಲ್ಕೆಯವರ ‘ರಾಜಾ ಹರಿಶ್ಚಂದ್ರ’ ತೆರೆಕಂಡಿತು. ಅದೂ ಮೂಕಿ ಚಿತ್ರವೇ. ಹೆಂಗಸರು ಅಭಿನಯಿಸಲು ಒಪ್ಪದ ಕಾಲವದು. ರಾಣಿಯ ಪಾತ್ರವನ್ನು ಸಾಳುಂಕೆ ಎಂಬ ಯುವಕ ಮಾಡಿದ್ದ. ನಮ್ಮ ಓದುಗರಿಗೆ ಪ್ರಿಯವಾಗುವ ಇನ್ನೊಂದು ಸಂಗತಿಯಿದೆ. ಫಾಲ್ಕೆಯವರಿಗೆ ಚಿತ್ರ ತಯಾರಿಸುವ ಹಂಬಲ ಹುಟ್ಟಿದ್ದು ಮುಂಬಯಿಯಲ್ಲಿ ಯೇಸುಸ್ವಾಮಿಯ ಜೀವನವನ್ನು ಕುರಿತ ಒಂದು ಮೂಕಿ ಚಿತ್ರವನ್ನು ನೋಡಿದಾಗ. ಇದನ್ನು ಅವರೇ ಬರೆದುಕೊಂಡಿದ್ದಾರೆ.

ಹರಿಶ್ಚಂದ್ರ ಕನ್ನಡಿಗರಿಗೆ ಹೊಸಬನಲ್ಲ. ರಾಘವಾಂಕ ಕವಿಯು ‘ಹರಿಶ್ಚಂದ್ರ ಕಾವ್ಯ’ವನ್ನು ರಚಿಸಿ ಆ ಕಥೆಯನ್ನು ನಮ್ಮ ಮನೆಮನೆಯ ಕಥೆಯಾಗಿಸಿದ. 1943ರಲ್ಲಿ ಅದು ಕನ್ನಡ ಟಾಕಿ ಚಿತ್ರವಾಯಿತು. 1965ರಲ್ಲಿ ಹುಣಸೂರು ಕೃಷ್ಣಮೂರ್ತಿಯವರ ನಿರ್ದೇಶನದಲ್ಲಿ ಡಾ. ರಾಜಕುಮಾರ್ ಹರಿಶ್ಚಂದ್ರನಾದರು, ಪಂಢರಿಬಾಯಿ ಚಂದ್ರಮತಿಯಾದರು. ಸಾಲ ವಸೂಲಿಗೆಂದು ರಾಜನ ಬೆನ್ನು ಹತ್ತಿದ ನಕ್ಷತ್ರಿಕನ ಪಾತ್ರವನ್ನು ಹಾಸ್ಯನಟ ನರಸಿಂಹರಾಜು ಮಾಡಿದರು. ರಾಜ್ಯ ಹೋಯಿತು, ಹೆಂಡತಿ ಮಗ ಮಾರಾಟವಾದರು, ರಾಜನು ಸ್ಮಶಾನದ ಕಾವಲುಗಾರನಾದ. ಅಂಥ ಕರುಣಾಜನಕ ಕಥೆಯ ನಡುವೆಯೂ ಜನ ನಕ್ಕದ್ದು ನಕ್ಷತ್ರಿಕನ ಕಾಟವನ್ನು ನೋಡಿ. ಇಂದಿಗೂ ಸಾಲಗಾರನನ್ನು ಬಿಡದೆ ಕಾಡುವವನಿಗೆ ನಾವು ನಕ್ಷತ್ರಿಕನೆಂದೇ ಹೆಸರಿಡುತ್ತೇವೆ.

ಬಾಲಕ ಮೋಹನದಾಸ ಗಾಂಧಿ ಹರಿಶ್ಚಂದ್ರ ನಾಟಕವನ್ನು ನೋಡಿ, ಎಲ್ಲರೂ ಹರಿಶ್ಚಂದ್ರನಂತೆ ಏಕೆ ಸತ್ಯವಂತರಾಗಬಾರದು ಎಂದು ಹಗಲಿರುಳು ಯೋಚಿಸಿದರೆಂದು ತಮ್ಮ ಆತ್ಮಕಥೆಯಲ್ಲಿ ತಿಳಿಸಿದ್ದಾರೆ. ನಾವಾದರೋ ಆ ಹೆಸರನ್ನು ಏನು ಮಾಡಿದ್ದೇವೆ? ಕಚೇರಿಯಲ್ಲಿ ಒಬ್ಬನು ಲಂಚ ಬೇಡವೆಂದರೆ, ‘ಬಂದ ನೋಡ್ರಿ ಸತ್ಯಹರಿಶ್ಚಂದ್ರ’ ಎನ್ನುತ್ತೇವೆ. ತೂಕದಲ್ಲಿ ಮೋಸ ಮಾಡದ ವ್ಯಾಪಾರಿಗೆ, ‘ಇಂವ ಹರಿಶ್ಚಂದ್ರನ ಮೊಮ್ಮಗ’ ಎನ್ನುತ್ತೇವೆ. ಪೂಜ್ಯವಾದ ಹೆಸರು ಬೈಗುಳವಾಯಿತು. ಸತ್ಯಕ್ಕೆ ಸಮಾಜ ವಿಧಿಸುವ ಮೊದಲ ದಂಡ ಇದೇ, ಅಪಹಾಸ್ಯ.

ಧರ್ಮಸಭೆಯ ಬೋಧನೆ

ಈಗ ಧರ್ಮಸಭೆಯ ಬೋಧನೆಯತ್ತ ತಿರುಗೋಣ. ಸಂತ ಅಗಸ್ಟೀನರು ಸುಳ್ಳನ್ನು ಕುರಿತು ಎರಡು ಗ್ರಂಥಗಳನ್ನು ಬರೆದರು. ಸುಳ್ಳುಗಳಲ್ಲಿ ಎಂಟು ಬಗೆಗಳನ್ನು ಗುರುತಿಸಿದರು. ಎಷ್ಟೇ ಒಳ್ಳೆಯ ಉದ್ದೇಶವಿದ್ದರೂ ಸುಳ್ಳು ಸುಳ್ಳೇ ಎಂಬುದು ಅವರ ದೃಢವಾದ ನಿಲುವು. 13ನೆಯ ಶತಮಾನದಲ್ಲಿ ಸಂತ ತೋಮಾಸ್ ಅಕ್ವಿನಾಸರು ಸುಳ್ಳನ್ನು ಮೂರಾಗಿ ವಿಂಗಡಿಸಿದರು: ನಗೆಗಾಗಿ ಹೇಳುವುದು, ಉಪಕಾರಕ್ಕಾಗಿ ಹೇಳುವುದು, ಕೇಡಿಗಾಗಿ ಹೇಳುವುದು. ಮೂರೂ ತಪ್ಪೇ, ಆದರೆ ಮೂರರ ಭಾರ ಒಂದೇ ಅಲ್ಲ. 1992ರಲ್ಲಿ ಪ್ರಕಟವಾದ ಕಥೋಲಿಕ ಧರ್ಮಸಭೆಯ ಧರ್ಮೋಪದೇಶವೂ ಇದನ್ನೇ ಅನುಸರಿಸಿ, ಯಾವ ಸತ್ಯ ತಿರುಚಲ್ಪಟ್ಟಿತು, ಯಾವ ಸಂದರ್ಭದಲ್ಲಿ, ಯಾವ ಉದ್ದೇಶದಿಂದ, ಯಾರಿಗೆ ಎಷ್ಟು ಹಾನಿಯಾಯಿತು ಎಂಬುದನ್ನು ನೋಡಿ ಸುಳ್ಳಿನ ಗುರುತ್ವವನ್ನು ಅಳೆಯಬೇಕೆಂದು ಬೋಧಿಸುತ್ತದೆ (2484). ಮುಖಸ್ತುತಿಯಿಂದ ಒಬ್ಬನನ್ನು ಅವನ ಕೆಟ್ಟತನದಲ್ಲೇ ಉಬ್ಬಿಸುವುದನ್ನೂ ಅದು ತಪ್ಪುಗಳ ಸಾಲಿನಲ್ಲಿ ಸೇರಿಸಿದೆ (2480).

ಇಲ್ಲಿ ಎರಡು ವಿವೇಕದ ಮಾತುಗಳಿವೆ.

ಒಂದು: ಸುಳ್ಳು ಹೇಳಬಾರದು ಎಂದರೆ ಎಲ್ಲವನ್ನೂ ಎಲ್ಲರಿಗೂ ಹೇಳಬೇಕೆಂದಲ್ಲ. ಸತ್ಯವನ್ನು ತಿಳಿಯುವ ಹಕ್ಕಿಲ್ಲದವನಿಗೆ ಅದನ್ನು ತಿಳಿಸುವ ಬಾಧ್ಯತೆ ನಮಗಿಲ್ಲ (2489). ನೆರೆಮನೆಯ ಕಷ್ಟವನ್ನು ಚಹಾದಂಗಡಿಯಲ್ಲಿ ಬಿಚ್ಚಿಡುವುದು ಸತ್ಯನಿಷ್ಠೆಯಲ್ಲ, ಚಾಡಿ. ಸಂತ ಪೌಲರು ಪ್ರೀತಿಯಿಂದ ಕೂಡಿದ ಸತ್ಯವನ್ನು ಬೇಡುತ್ತಾರೆ. ಬಾಬ್‌ನಲ್ಲಿ ಸತ್ಯವಿತ್ತು, ಆದರೆ ಎದುರಿಗಿದ್ದವರ ಹಿತದ ಯೋಚನೆಯಿರಲಿಲ್ಲ. ನಾತಾನ್ ಪ್ರವಾದಿಯನ್ನು ನೋಡಿರಿ. ದಾವೀದನ ಪಾಪವನ್ನು ಅವನ ಮುಖಕ್ಕೇ ಹೇಳಬೇಕಾಗಿತ್ತು. ನಾತಾನನು ಬಡವನ ಕುರಿಮರಿಯ ಕಥೆ ಹೇಳಿ, ದಾವೀದನೇ ತೀರ್ಪು ಕೊಡುವಂತೆ ಮಾಡಿ, ಆನಂತರ ಬೆರಳು ತೋರಿಸಿದ. ಸತ್ಯ ಒಂದಿಷ್ಟೂ ಕಡಿಮೆಯಾಗಲಿಲ್ಲ, ರಾಜನೂ ಉಳಿದುಕೊಂಡ.

ಇನ್ನೊಂದು: ತೋಮಾಸ್ ಅಕ್ವಿನಾಸರು ಸತ್ಯನಿಷ್ಠೆಯನ್ನು ನ್ಯಾಯ ಎಂಬ ಸದ್ಗುಣದ ಜೊತೆಗೆ ಇಟ್ಟರು. ಮನುಷ್ಯರು ಪರಸ್ಪರ ನಂಬದೆ ಒಟ್ಟಿಗೆ ಬಾಳಲಾರರು, ಆದುದರಿಂದ ಸತ್ಯವು ನಾವು ಒಬ್ಬರಿಗೊಬ್ಬರು ಸಲ್ಲಿಸಬೇಕಾದ ಋಣ ಎಂದು ಅವರು ವಿವರಿಸಿದರು. ಸತ್ಯ ಒಂದು ಸಾಲ! ಹಾಗಾದರೆ ನಮ್ಮ ಮನಸ್ಸಾಕ್ಷಿಯೇ ನಕ್ಷತ್ರಿಕ. ಸಾಲ ತೀರುವವರೆಗೆ ಅದು ಬೆನ್ನು ಬಿಡದು. ನಾವು ಸತ್ಯಕ್ಕೆ ತೆರಬೇಕಾದ ಬೆಲೆಯ ಬಗ್ಗೆ ಸದಾ ಗೊಣಗುತ್ತೇವೆ. ಸುಳ್ಳಿಗಾಗಿ ಊರೆಲ್ಲ ತೆರುತ್ತಿರುವ ಬೆಲೆಯನ್ನು, ಅಂದರೆ ಯಾರೂ ಯಾರನ್ನೂ ನಂಬದ ಸ್ಥಿತಿಯನ್ನು, ಲೆಕ್ಕಕ್ಕೆ ಹಿಡಿಯುವುದೇ ಇಲ್ಲ.

ಹೊರಗಿನ ಫಲಕ, ಒಳಗಿನ ಪಾಠ

ಹಾಗಾದರೆ ಅನ್ಯಾಯದ ಆಳ್ವಿಕೆಯ ಕೆಳಗೆ ಬಾಳುವವರು ಏನು ಮಾಡಬೇಕು? ಇದಕ್ಕೆ ನಮ್ಮ ಜಿಲ್ಲೆಯೇ ಒಂದು ಉದಾಹರಣೆ ಕೊಡುತ್ತದೆ. 1948ರವರೆಗೆ ಬೀದರ್ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿತ್ತು. ಆಡಳಿತದ ಭಾಷೆ, ಶಾಲೆಯ ಭಾಷೆ ಎರಡೂ ಉರ್ದು. ಭಾಲ್ಕಿ ಹಿರೇಮಠದ ಡಾ. ಚನ್ನಬಸವ ಪಟ್ಟದ್ದೇವರು ಆ ದಿನಗಳಲ್ಲಿ ಹೊರಗೆ ಉರ್ದು ಫಲಕ ಹಾಕಿ ಒಳಗೆ ಮಕ್ಕಳಿಗೆ ಕನ್ನಡ ಕಲಿಸಿದ ಸಂಗತಿ ಭಾಲ್ಕಿಯಲ್ಲೂ, ಅವರು ಹುಟ್ಟಿದ ಕಮಲನಗರವಿರುವ ಔರಾದ್ ಸೀಮೆಯಲ್ಲೂ ಮನೆಮಾತಾಗಿದೆ. 1999ರಲ್ಲಿ ಲಿಂಗೈಕ್ಯರಾದ ಆ ಹಿರಿಯರನ್ನು ಈ ಭಾಗದ ಕನ್ನಡಿಗರು, ಮತಭೇದವಿಲ್ಲದೆ, ಕೃತಜ್ಞತೆಯಿಂದ ನೆನೆಯುತ್ತಾರೆ.

ಫಲಕ ಹೇಳಿದ್ದು ಒಂದು, ನಡೆದದ್ದು ಇನ್ನೊಂದು. ಅದು ಸುಳ್ಳೇ? ಪವಿತ್ರ ಬೈಬಲ್ಲಿನ ವಿಮೋಚನಾಕಾಂಡದ ಮೊದಲನೆಯ ಅಧ್ಯಾಯದಲ್ಲಿ ಹಿಬ್ರಿಯ ಸೂಲಗಿತ್ತಿಯರ ಪ್ರಸಂಗವಿದೆ. ಗಂಡುಕೂಸುಗಳನ್ನು ಕೊಲ್ಲಬೇಕೆಂದು ಫರೋಹನು ಅಪ್ಪಣೆ ಕೊಟ್ಟ. ಅವರು ಕೊಲ್ಲಲಿಲ್ಲ. ವಿಚಾರಿಸಿದಾಗ, ತಾವು ಹೋಗುವ ಮೊದಲೇ ಹೆರಿಗೆಯಾಗಿಬಿಡುತ್ತದೆ ಎಂದು ಸಬೂಬು ಹೇಳಿದರು. ದೇವರು ಅವರಿಗೆ ಒಳ್ಳೆಯದನ್ನು ಮಾಡಿದರು. ಈ ಪ್ರಸಂಗವನ್ನು ಕುರಿತು ಅಗಸ್ಟೀನರು ಕೊಟ್ಟ ವಿವರಣೆ ಸೂಕ್ಷ್ಮವಾದದ್ದು: ದೇವರು ಮೆಚ್ಚಿದ್ದು ಅವರ ಸುಳ್ಳನ್ನಲ್ಲ, ಕೂಸುಗಳ ಮೇಲೆ ಅವರಿಗಿದ್ದ ಕರುಣೆಯನ್ನು.

ಆದರೆ ಈ ಉದಾಹರಣೆಗಳನ್ನು ನಮ್ಮ ಸಣ್ಣ ಸುಳ್ಳುಗಳಿಗೆ ಕೊಡೆಯಾಗಿ ಹಿಡಿಯಬಾರದು. ಪಟ್ಟದ್ದೇವರು ಮರೆಮಾಚಿದ್ದು ತಮ್ಮ ಲಾಭಕ್ಕಲ್ಲ. ಅಪಾಯ ತಮ್ಮ ಮೇಲೆ, ಪ್ರಯೋಜನ ಮಕ್ಕಳಿಗೆ. ಸೂಲಗಿತ್ತಿಯರದೂ ಹಾಗೆಯೇ. ಪ್ರಯೋಜನ ನಮಗೆ, ನಷ್ಟ ಇನ್ನೊಬ್ಬರಿಗೆ ಆಗುವ ಕಡೆ ಅವರ ಹೆಸರನ್ನು ಎತ್ತುವ ಹಕ್ಕು ನಮಗಿಲ್ಲ.

ಮದುವೆಯ ಸುಳ್ಳು

ಅಂಥ ಒಂದು ಕಡೆ ಮದುವೆಯ ಮಾತುಕತೆ. ಬೀದರ್, ಭಾಲ್ಕಿ, ಔರಾದ್ ಕಡೆಯ ಸಂಬಂಧಗಳು ಒಂದು ಕಡೆ ಉದಗೀರ, ಇನ್ನೊಂದು ಕಡೆ ಜಹೀರಾಬಾದ್, ಹೈದರಾಬಾದಿನವರೆಗೆ ಬೆಳೆಯುತ್ತವೆ. ಊರು ದೂರವಾದಷ್ಟೂ ಸುಳ್ಳಿಗೆ ಅನುಕೂಲ. ಹುಡುಗ ಹೈದರಾಬಾದಿನಲ್ಲಿ ಕಂಪನಿ ಕೆಲಸದಲ್ಲಿದ್ದಾನೆ ಎನ್ನುತ್ತಾರೆ, ಕೆಲಸ ಬಿಟ್ಟು ವರ್ಷವಾಗಿರುತ್ತದೆ. ಹುಡುಗಿಗೆ ಮೂರ್ಛೆರೋಗವಿರುವುದನ್ನು ಮುಚ್ಚಿಡುತ್ತಾರೆ. ಕುಡಿತದ ಚಟವನ್ನು ಮುಚ್ಚಿಟ್ಟು, ಮದುವೆಯಾದರೆ ಸರಿಹೋಗುತ್ತಾನೆ ಎನ್ನುತ್ತಾರೆ. ಸಾವಿರ ಸುಳ್ಳಿನ ಗಾದೆ ಎಲ್ಲರನ್ನೂ ಕಾಪಾಡುತ್ತದೆ, ಒಬ್ಬರನ್ನು ಬಿಟ್ಟು. ಆ ಒಬ್ಬರು ತಾಳಿ ಕಟ್ಟಿಸಿಕೊಂಡವಳು ಅಥವಾ ಕಟ್ಟಿದವನು.

ಧರ್ಮಸಭೆ ಇದನ್ನು ಸಣ್ಣ ವಿಷಯವೆಂದು ಬಗೆಯುವುದಿಲ್ಲ. 1983ರ ಧರ್ಮಸಭೆಯ ಕಾನೂನು ಸಂಹಿತೆಯ 1098ನೆಯ ವಿಧಿಯ ಪ್ರಕಾರ, ಒಪ್ಪಿಗೆ ಪಡೆಯುವ ಸಲುವಾಗಿಯೇ ವಂಚನೆ ಮಾಡಿ, ದಾಂಪತ್ಯವನ್ನು ತೀವ್ರವಾಗಿ ಕೆಡಿಸಬಲ್ಲ ಗುಣದೋಷವೊಂದನ್ನು ಮರೆಮಾಚಿದ್ದರೆ, ಆ ವಿವಾಹ ಸಿಂಧುವೇ ಆಗುವುದಿಲ್ಲ. ಸಾವಿರ ಸುಳ್ಳು ಹೇಳಿ ಮಾಡಿದ ಮದುವೆ ಮದುವೆಯೇ ಅಲ್ಲದೆ ಹೋಗಬಹುದು! 1069ನೆಯ ವಿಧಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ವಿವಾಹಕ್ಕೆ ಅಡ್ಡಿಯಾಗುವ ಕಾರಣಗಳು ತಿಳಿದಿದ್ದರೆ ಅವನ್ನು ಮುಂಚಿತವಾಗಿ ಗುರುಗಳಿಗೋ ಧರ್ಮಾಧ್ಯಕ್ಷರಿಗೋ ತಿಳಿಸುವುದು ಎಲ್ಲ ವಿಶ್ವಾಸಿಗಳ ಕರ್ತವ್ಯವೆನ್ನುತ್ತದೆ. ಪೂಜೆಯಲ್ಲಿ ಮದುವೆಯ ಪ್ರಕಟಣೆ ಓದುವುದು ಇದಕ್ಕಾಗಿಯೇ. ಆದರೆ ‘ನಮಗ್ಯಾಕ್ರೀ ಊರ ಉಸಾಬರಿ’ ಎಂದು ಸುಮ್ಮನಿರುವವರೇ ಹೆಚ್ಚು. ಹೇಳಿದವನು ಎರಡು ಮನೆಗಳ ವೈರ ಕಟ್ಟಿಕೊಳ್ಳುತ್ತಾನೆ ಎಂಬುದು ನಿಜ. ಹೇಳದಿದ್ದರೆ ಒಂದು ಜೀವ ಬಾಳಿನುದ್ದಕ್ಕೂ ಕಣ್ಣೀರಿಡುತ್ತದೆ ಎಂಬುದೂ ನಿಜ.

ಅರ್ಜಿಯಲ್ಲಿನ ಒಂದು ಕಾಲಂ

ಮದುವೆಯ ಸುಳ್ಳಿಗಿಂತ ನೋವಿನ ಇನ್ನೊಂದು ವಿಷಯವಿದೆ. ನಮ್ಮ ಅನೇಕ ಕುಟುಂಬಗಳು ಅದನ್ನು ಬಾಯಿಬಿಟ್ಟು ಹೇಳುವುದಿಲ್ಲ.

1950ರ ಆಗಸ್ಟ್ 10ರಂದು ಹೊರಟ ರಾಷ್ಟ್ರಪತಿಗಳ ಆದೇಶದ ಮೂರನೆಯ ಕಂಡಿಕೆಯ ಪ್ರಕಾರ ಹಿಂದೂಗಳಲ್ಲದವರಿಗೆ ಪರಿಶಿಷ್ಟ ಜಾತಿಯ ಮಾನ್ಯತೆ ಇರಲಿಲ್ಲ. 1956ರಲ್ಲಿ ಸಿಖ್ಖರನ್ನೂ 1990ರಲ್ಲಿ ಬೌದ್ಧರನ್ನೂ ಸೇರಿಸಲಾಯಿತು. ದಲಿತ ಕ್ರೈಸ್ತರೂ ಮುಸ್ಲಿಮರೂ ಹೊರಗೇ ಉಳಿದರು. 2007ರಲ್ಲಿ ನ್ಯಾಯಮೂರ್ತಿ ರಂಗನಾಥ ಮಿಶ್ರಾ ಆಯೋಗ ಈ ಧರ್ಮದ ಷರತ್ತನ್ನು ತೆಗೆಯಬೇಕೆಂದು ವರದಿ ಕೊಟ್ಟಿತು. 2022ರಲ್ಲಿ ಕೇಂದ್ರ ಸರ್ಕಾರ ನ್ಯಾಯಮೂರ್ತಿ ಕೆ.ಜಿ. ಬಾಲಕೃಷ್ಣನ್ ಅವರ ಅಧ್ಯಕ್ಷತೆಯಲ್ಲಿ ಮತ್ತೊಂದು ಆಯೋಗವನ್ನು ನೇಮಿಸಿತು. 2024ರ ನವೆಂಬರಿನಲ್ಲಿ ಪುದುಚೇರಿಯ ಒಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು, ಕ್ರೈಸ್ತ ವಿಶ್ವಾಸವನ್ನು ಪಾಲಿಸುತ್ತ ಮೀಸಲಾತಿಗಾಗಿ ಮಾತ್ರ ಹಿಂದೂ ಎಂದು ಹೇಳಿಕೊಳ್ಳುವುದು ಸಂವಿಧಾನಕ್ಕೆ ಮಾಡುವ ವಂಚನೆ ಎಂದು ಕಠಿಣವಾಗಿ ನುಡಿಯಿತು.

ಈಗ ಒಂದು ಬಡ ಕುಟುಂಬವನ್ನು ಕಣ್ಣೆದುರಿಗೆ ತಂದುಕೊಳ್ಳಿ. ತಂದೆ ತಾಯಿ ಕೂಲಿ ಮಾಡುತ್ತಾರೆ. ಮಗಳು ಹತ್ತನೆಯ ತರಗತಿಯಲ್ಲಿ ಒಳ್ಳೆಯ ಅಂಕ ಪಡೆದಿದ್ದಾಳೆ. ಕಾಲೇಜು, ಹಾಸ್ಟೆಲು, ವಿದ್ಯಾರ್ಥಿವೇತನ ಎಲ್ಲವೂ ತಹಶೀಲ್ದಾರರ ಕಚೇರಿಯ ಒಂದು ಪ್ರಮಾಣಪತ್ರದ ಮೇಲೆ ನಿಂತಿವೆ. ಅರ್ಜಿಯಲ್ಲಿ ಧರ್ಮ ಎಂಬ ಒಂದು ಕಾಲಂ ಇದೆ. ಅಲ್ಲಿ ಒಂದು ಶಬ್ದ ಬರೆದರೆ ಬಾಗಿಲು ತೆರೆಯುತ್ತದೆ, ಇನ್ನೊಂದು ಬರೆದರೆ ಮುಚ್ಚುತ್ತದೆ. ಕೇರಿ ಬದಲಾಗಿಲ್ಲ, ಕಸುಬು ಬದಲಾಗಿಲ್ಲ, ಊರವರು ನೋಡುವ ಕಣ್ಣು ಬದಲಾಗಿಲ್ಲ. ಜ್ಞಾನಸ್ನಾನದ ನೀರು ಬಿದ್ದಿತೆಂಬ ಮಾತ್ರಕ್ಕೆ ಜಾತಿಯ ಅವಮಾನ ತೊಳೆದುಹೋಗಲಿಲ್ಲ. ಕಾನೂನಿನ ದೃಷ್ಟಿಯಲ್ಲಿ ಮಾತ್ರ ಹೋಗಿದೆ. ಬಾಬ್‌ಗೆ ಸತ್ಯ ಹೇಳಿದರೆ ಹತ್ತು ಸಾವಿರ ಡಾಲರ್ ಲಾಭವಿತ್ತು. ಇವಳು ಸತ್ಯ ಬರೆದರೆ ವಿದ್ಯೆಯನ್ನೇ ಕಳೆದುಕೊಳ್ಳುವ ಭಯವಿದೆ. ಹೀಗೆ ಒಂದೇ ಮಗುವಿಗೆ ಧರ್ಮಕೇಂದ್ರದ ಜ್ಞಾನಸ್ನಾನದ ದಾಖಲೆಯಲ್ಲಿ ಒಂದು ಹೆಸರು, ಶಾಲೆಯ ದಾಖಲೆಯಲ್ಲಿ ಇನ್ನೊಂದು ಹೆಸರು ಬಂದು ನಿಲ್ಲುತ್ತದೆ.

ಇವರಿಗೆ ನಾವು ಏನು ಹೇಳೋಣ? ಹೊಟ್ಟೆ ತುಂಬಿದವರು ದೂರದಿಂದ ಕಲ್ಲೆಸೆಯುವುದು ಸುಲಭ. ಅದು ಕ್ರಿಸ್ತನ ಮಾರ್ಗವಲ್ಲ. ಸುಳ್ಳಿಗೆ ಆಶೀರ್ವಾದ ಮಾಡುವುದೂ ಕ್ರಿಸ್ತನ ಮಾರ್ಗವಲ್ಲ. ಎರಡು ಹೆಸರುಗಳ ನಡುವೆ ಬೆಳೆದ ಮಗು ಒಂದು ದಿನ ತನ್ನ ವಿಶ್ವಾಸವೇ ನಾಚಿಕೆಯ ಸಂಗತಿ ಎಂದು ತಿಳಿಯುತ್ತದೆ. ಉತ್ತರವನ್ನು ಪವಿತ್ರ ಗ್ರಂಥದಲ್ಲೇ ಹುಡುಕೋಣ.

ಬೆಲೆಯನ್ನು ಯಾರು ಕೊಡಬೇಕು?

ಪ್ರೇಷಿತರ ಕಾರ್ಯಕಲಾಪಗಳ ಐದನೆಯ ಅಧ್ಯಾಯದಲ್ಲಿ ಅನನೀಯ ಮತ್ತು ಸಫೈರಳ ಪ್ರಸಂಗ ಬರುತ್ತದೆ. ಹೊಲ ಮಾರಿದರು, ಹಣದಲ್ಲಿ ಒಂದು ಭಾಗವನ್ನು ಬಚ್ಚಿಟ್ಟರು, ಪೂರ್ತಿ ಕೊಟ್ಟಂತೆ ನಟಿಸಿದರು, ಬಿದ್ದು ಸತ್ತರು. ಇದನ್ನು ಓದಿ ಎಷ್ಟೋ ಜನ ಬೆಚ್ಚಿಬೀಳುತ್ತಾರೆ. ಒಂದು ಸುಳ್ಳಿಗೆ ಇಷ್ಟು ದೊಡ್ಡ ಶಿಕ್ಷೆಯೇ?

ಇದನ್ನು ಹಿಂದಿನ ಅಧ್ಯಾಯದ ಕೊನೆಯ ವಚನಗಳೊಂದಿಗೆ ಸೇರಿಸಿ ಓದಬೇಕು. ಅಲ್ಲಿ ಹೇಳಿರುವುದೇನು? ವಿಶ್ವಾಸಿಗಳೆಲ್ಲರೂ ಒಂದೇ ಮನಸ್ಸಿನವರಾಗಿದ್ದರು, ತಮ್ಮದನ್ನು ತಮ್ಮದೆನ್ನದೆ ಹಂಚಿಕೊಳ್ಳುತ್ತಿದ್ದರು, ಅವರಲ್ಲಿ ಕೊರತೆಪಡುವವರು ಒಬ್ಬರೂ ಇರಲಿಲ್ಲ. ಅಂಥ ಸಮುದಾಯದಲ್ಲಿ ಸುಳ್ಳು ಹೇಳಬೇಕಾದ ಅಗತ್ಯವೇ ಇರಲಿಲ್ಲ. ಹೊಲವೂ ನಿನ್ನದೇ, ಹಣವೂ ನಿನ್ನ ವಶದಲ್ಲೇ ಇತ್ತಲ್ಲವೇ ಎಂದು ಪೇತ್ರನು ಅನನೀಯನನ್ನು ಕೇಳುತ್ತಾನೆ. ಹಸಿವಿನಿಂದಲ್ಲ, ಭಯದಿಂದಲ್ಲ, ಹೆಸರಿನ ಆಸೆಯಿಂದ ಹುಟ್ಟಿದ ಸುಳ್ಳು ಅದು.

ಈ ಪ್ರಶ್ನೆ ಕೇಳಿದ ಪೇತ್ರನೂ ಒಮ್ಮೆ ಸುಳ್ಳು ಹೇಳಿದವನೇ. ಪ್ರಧಾನ ಯಾಜಕನ ಅಂಗಳದಲ್ಲಿ ಬೆಂಕಿ ಕಾಯಿಸುತ್ತ ಮೂರು ಬಾರಿ ಯೇಸುವನ್ನು ಅರಿಯೆನೆಂದ. ಜೀವಭಯದ ಸುಳ್ಳು ಅದು. ಯೇಸುಸ್ವಾಮಿ ತಿರುಗಿ ಅವನನ್ನು ನೋಡಿದರು. ಅವನು ಹೊರಗೆ ಹೋಗಿ ಬಿಕ್ಕಿಬಿಕ್ಕಿ ಅತ್ತ. ಅವನಿಗೆ ಕ್ಷಮೆ ದೊರೆಯಿತು, ಅವನೇ ಧರ್ಮಸಭೆಯ ಬಂಡೆಯಾದ. ಭಯದಿಂದ ತಪ್ಪಿದವನಿಗೂ ಬಡಾಯಿಗಾಗಿ ತಪ್ಪಿದವನಿಗೂ ಇರುವ ಅಂತರವನ್ನು ಪೇತ್ರನಿಗಿಂತ ಚೆನ್ನಾಗಿ ಬಲ್ಲವರು ಯಾರು?

ಇದರಿಂದ ನಮಗೆ ಸಿಗುವ ಪಾಠ ಇದು: ಸತ್ಯದ ಬೆಲೆಯನ್ನು ಸತ್ಯ ಹೇಳಿದವನೊಬ್ಬನೇ ತೆರಬೇಕಾಗಿ ಬಂದರೆ, ಅಲ್ಲಿ ತಪ್ಪು ಅವನೊಬ್ಬನದಲ್ಲ. ಬೆಲೆಯನ್ನು ಹಂಚಿಕೊಳ್ಳದ ನಮ್ಮೆಲ್ಲರದು. ಆ ಹುಡುಗಿ ನಿರ್ಭಯವಾಗಿ ತನ್ನ ವಿಶ್ವಾಸವನ್ನು ಬರೆಯಬೇಕೆಂದು ಬಯಸುವ ಧರ್ಮಕೇಂದ್ರ, ಅವಳ ಕಾಲೇಜಿನ ಶುಲ್ಕದ ಬಗ್ಗೆಯೂ ಯೋಚಿಸಬೇಕು. ಹಬ್ಬದ ದೀಪಾಲಂಕಾರಕ್ಕೆ ಎತ್ತುವ ಹಣದಲ್ಲಿ ಒಂದು ಪಾಲನ್ನು ಇಂಥ ಮಕ್ಕಳಿಗಾಗಿ ಇಡಬಹುದು. ಓದಿದವರು ಸಂಜೆ ಉಚಿತವಾಗಿ ಪಾಠ ಹೇಳಿಕೊಡಬಹುದು. ಕಾನೂನು ತಿಳಿದವರು ಅರ್ಜಿಗಳನ್ನು ಸರಿಯಾಗಿ ತುಂಬಲು ನೆರವಾಗಿ, ಹಿಂದುಳಿದ ವರ್ಗ, ಅಲ್ಪಸಂಖ್ಯಾತರ ವಿದ್ಯಾರ್ಥಿವೇತನ ಮೊದಲಾದ ನ್ಯಾಯವಾದ ದಾರಿಗಳನ್ನು ತೋರಿಸಬಹುದು. ಆಗಸ್ಟ್ 10ನ್ನು ದಲಿತ ಕ್ರೈಸ್ತರು ಕರಾಳ ದಿನವಾಗಿ 1950ರ ಆದೇಶವನ್ನು ಪ್ರತಿಭಟಿಸುವಾಗ, ಆ ಕಷ್ಟ ತಮಗಿಲ್ಲದ ಕ್ರೈಸ್ತರೂ ಅವರ ಪಕ್ಕದಲ್ಲಿ ನಿಲ್ಲಬೇಕು. ಲಂಚ ಮುಟ್ಟದ ಗುಮಾಸ್ತನನ್ನು ದೂರದ ಊರಿಗೆ ವರ್ಗ ಮಾಡಿದಾಗ ಅವನ ಮನೆಗೆ ಹೋಗಿ ಬರಬೇಕು. ಮದುವೆಯ ವಿಷಯದಲ್ಲಿ ನಿಜ ಹೇಳಿದ ನೆರೆಯವನನ್ನು ಮನೆಮುರುಕನೆನ್ನದೆ ಊಟಕ್ಕೆ ಕರೆಯಬೇಕು.

ಮನೆಯೇ ಮೊದಲ ಶಾಲೆ

ಇಷ್ಟೆಲ್ಲ ಆರಂಭವಾಗಬೇಕಾದದ್ದು ಮನೆಯಲ್ಲಿ. ನಮ್ಮ ಕಡೆ ಹೇಳುವ ಒಂದು ನಗೆಯ ಮಾತಿದೆ. ಸಾಲ ಕೊಟ್ಟವನು ಬಾಗಿಲಿಗೆ ಬಂದ. ಒಳಗಿನಿಂದ ಅಪ್ಪ ಮಗನಿಗೆ, ಮನೆಯಲ್ಲಿಲ್ಲ ಎಂದು ಹೇಳಲು ಪಿಸುಗುಟ್ಟಿದ. ಹುಡುಗ ಹೊರಗೆ ಬಂದು, ‘ಅಪ್ಪ ಮನ್ಯಾಗಿಲ್ಲಂತ ಹೇಳು ಅಂದಾನ್ರೀ’ ಎಂದ. ನಾವೆಲ್ಲ ನಗುತ್ತೇವೆ. ಬಂದವನು ಹೋದ ಮೇಲೆ ಆ ಹುಡುಗನ ಕೆನ್ನೆಗೆ ಬಿದ್ದ ಏಟನ್ನು ಮಾತ್ರ ಯಾರೂ ಹೇಳುವುದಿಲ್ಲ. ಆ ಏಟಿನಿಂದ ಅವನು ಕಲಿತದ್ದೇನು? ನಿಜ ಹೇಳಿದರೆ ಪೆಟ್ಟು ಬೀಳುತ್ತದೆ. ಗಾದೆ ಹುಟ್ಟಿದ್ದು ಹೀಗೆ, ಒಂದೊಂದು ಮನೆಯಲ್ಲಿ ಒಂದೊಂದು ಏಟಿನಿಂದ.

ಆದುದರಿಂದ ತಂದೆತಾಯಿಯರಿಗೆ ನಾಲ್ಕು ಸಲಹೆಗಳು. ತಪ್ಪು ಮಾಡಿ ತಾನೇ ಬಂದು ಒಪ್ಪಿಕೊಂಡ ಮಗುವಿಗೆ ಶಿಕ್ಷೆಯನ್ನು ಅರ್ಧಕ್ಕಿಳಿಸಿರಿ, ನಿಜ ಹೇಳಿದ್ದಕ್ಕೆ ಮೆಚ್ಚುಗೆಯನ್ನು ಪೂರ್ತಿ ಕೊಡಿರಿ. ನಿಮ್ಮ ಸುಳ್ಳಿಗೆ ಮಕ್ಕಳ ಬಾಯಿಯನ್ನು ಬಾಡಿಗೆಗೆ ಪಡೆಯಬೇಡಿರಿ. ಸಾಲಗಾರನಿಗೆ ಎದುರಾಗಿ ನಿಂತು ಇನ್ನೊಂದು ವಾರ ಬೇಕೆಂದು ಕೇಳುವ ತಂದೆಯನ್ನು ನೋಡಿದ ಮಗು ಜೀವನದಲ್ಲಿ ಹೆದರುವುದಿಲ್ಲ. ಸತ್ಯ ಹೇಳುವ ಮೊದಲು, ಇದನ್ನು ತಿಳಿಯುವ ಹಕ್ಕು ಇವರಿಗಿದೆಯೇ, ಇದು ಇವರ ಹಿತಕ್ಕಾಗಿಯೇ ಎಂದು ಒಂದು ಕ್ಷಣ ಯೋಚಿಸಿರಿ. ಸುಳ್ಳಿನಿಂದ ಯಾರಿಗಾದರೂ ನಷ್ಟವಾಗಿದ್ದರೆ ಪಾಪನಿವೇದನೆಯಷ್ಟೇ ಸಾಲದು, ನಷ್ಟವನ್ನೂ ತುಂಬಿಕೊಡಿರಿ (2487). ಜಕ್ಕಾಯನು ನಾಲ್ಕರಷ್ಟು ಹಿಂದಿರುಗಿಸಲು ಮುಂದೆ ಬಂದದ್ದು ನೆನಪಿರಲಿ.

ಬೀದರಿನ ಬಿದರಿ ಕೆಲಸವನ್ನು ನೀವೆಲ್ಲ ನೋಡಿದ್ದೀರಿ. ಸತುವಿಗೆ ಸ್ವಲ್ಪ ತಾಮ್ರ ಬೆರೆಸಿ ಎರಕ ಹೊಯ್ದು, ಮೇಲೆ ಬೆಳ್ಳಿಯ ತಂತಿಯನ್ನು ಕೂರಿಸುತ್ತಾರೆ. ಕೊನೆಯಲ್ಲಿ ಕೋಟೆಯ ಮಣ್ಣನ್ನು ನವಸಾಗರದೊಂದಿಗೆ ಕಲಸಿ ಬಿಸಿಮಾಡಿದ ಪಾತ್ರೆಗೆ ಹಚ್ಚುತ್ತಾರೆ. ಆ ಮಣ್ಣು ತಗುಲಿದೊಡನೆ ಉಳಿದ ಲೋಹವೆಲ್ಲ ಕಪ್ಪಾಗುತ್ತದೆ, ಬೆಳ್ಳಿ ಮಾತ್ರ ಕಪ್ಪಾಗದೆ ಹೊಳೆಯುತ್ತದೆ. ಸತ್ಯವಂತನ ಮೇಲೆ ಊರವರು ಎರಚುವ ಮಣ್ಣೂ ಹಾಗೆಯೇ. ಆದರೆ ಮಣ್ಣು ಎರಚುವವರ ಸಾಲಿನಲ್ಲಿ ನಾವು ನಿಲ್ಲದಿರೋಣ. ಸ್ನಾನಿಕ ಯೊವಾನ್ನರು ಹೆರೋದನಿಗೆ ನಿಜ ಹೇಳಿ ತಲೆಯನ್ನು ತೆತ್ತರು. ನಮ್ಮ ಪ್ರಭು ಪಿಲಾತನ ಮುಂದೆ ಸತ್ಯಕ್ಕೆ ಸಾಕ್ಷಿಯಾಗಿ ನಿಂತು ಶಿಲುಬೆಯನ್ನು ಪಡೆದರು. ಆ ಶಿಲುಬೆಯ ಕೆಳಗೆ ನಿಂತವರು ಬೆರಳೆಣಿಕೆಯ ಮಂದಿ. ನಮ್ಮ ಊರಿನಲ್ಲಿ ಸತ್ಯಕ್ಕಾಗಿ ಕಷ್ಟಪಡುವವರ ಪಕ್ಕದಲ್ಲಿ ನಿಲ್ಲುವವರ ಸಂಖ್ಯೆ ಅದಕ್ಕಿಂತ ಸ್ವಲ್ಪ ಹೆಚ್ಚಾಗಲಿ.

ಕುಟುಂಬದಲ್ಲಿ ಮತ್ತು ಕಿರು ಕ್ರೈಸ್ತ ಸಮುದಾಯದಲ್ಲಿ ಚರ್ಚಿಸಲು

1. ನಮ್ಮ ಮನೆಯಲ್ಲಿ ನಿಜ ಹೇಳಿದ ಮಗುವಿಗೆ ಇತ್ತೀಚೆಗೆ ಸಿಕ್ಕದ್ದು ಮೆಚ್ಚುಗೆಯೋ, ಏಟೋ?

2. ಮದುವೆಯ ಮಾತುಕತೆಯಲ್ಲಿ ಎದುರು ಕಡೆಯವರು ತಿಳಿಯಲೇಬೇಕಾದ ವಿಷಯಗಳು ಯಾವುವು? ತಿಳಿಸುವ ಬಾಧ್ಯತೆಯಿಲ್ಲದವು ಯಾವುವು?

3. ನಮ್ಮ ಧರ್ಮಕೇಂದ್ರದಲ್ಲಿ ಸತ್ಯ ಹೇಳಿ ನಷ್ಟ ಅನುಭವಿಸಿದವರು ಯಾರಾದರೂ ಇದ್ದಾರೆಯೇ? ಅವರ ನಷ್ಟದಲ್ಲಿ ನಾವು ಪಾಲು ತೆಗೆದುಕೊಂಡಿದ್ದೇವೆಯೇ?

ಪ್ರಾರ್ಥನೆ

ಸತ್ಯಸ್ವರೂಪಿಯಾದ ಪ್ರಭುವೇ, ಭಯದಿಂದ ತಪ್ಪಿದ ಪೇತ್ರನನ್ನು ಕರುಣೆಯಿಂದ ನೋಡಿದಂತೆ ನಮ್ಮನ್ನೂ ನೋಡಿರಿ. ನಮ್ಮ ನಾಲಿಗೆಗೆ ಸತ್ಯವನ್ನೂ ನಮ್ಮ ಸತ್ಯಕ್ಕೆ ಪ್ರೀತಿಯನ್ನೂ ಕೊಡಿರಿ. ನಿಜ ಹೇಳಿ ಒಬ್ಬಂಟಿಯಾದವರ ಮನೆಯ ಬಾಗಿಲಿಗೆ ನಮ್ಮನ್ನು ಕಳುಹಿಸಿರಿ. ಆಮೆನ್.